ಫೂಲನ್ ಮುಚ್ಚಿಟ್ಟ ಮಾತು

ಅನುಭವವೇ ಪ್ರಮಾಣ ಅಂತ ನಾವು ಬಂಡಾಯದವರು ವೇದಿಕೆ ಹತ್ತಿದಾಗೆಲ್ಲ ಹೇಳುತ್ತಾ ಬಂದಿದ್ದೇವೆ. ಸರಿ. ಆದರೆ ಆ ಅನುಭವ ಯಾರ ಸೊತ್ತು? ಉಂಡವರದೋ, ಅದನ್ನು ಚಿತ್ರ ತೆಗೆದವರದೋ?

1994ರಲ್ಲಿ ಬಂದ ಶೇಖರ್ ಕಪೂರರ 'ಬ್ಯಾಂಡಿಟ್ ಕ್ವೀನ್' ನಟರು ಆಡಿದ ಸಿನಿಮಾ. ಆದರೂ ಶುರುವಿಗೇ ಇದು ನಿಜಕಥೆ ಅಂತ ಹೇಳಿಕೊಂಡು ಸಾಕ್ಷ್ಯಚಿತ್ರದ ಗತ್ತಿನಲ್ಲಿ ಕೂತಿತು. ಯಾರ ನಿಜ? ಉತ್ತರ ಪ್ರದೇಶದ ಜಾಲೌನ್ ಜಿಲ್ಲೆಯಲ್ಲಿ ದೋಣಿ ನಡೆಸುವ ಮಲ್ಲಾ ಜಾತಿಯಲ್ಲಿ ಹುಟ್ಟಿ, ಹನ್ನೊಂದರ ವಯಸ್ಸಿಗೇ ಮದುವೆಯಾಗಿ, ಆಮೇಲೆ ಡಕಾಯಿತರ ಗುಂಪಿನ ಪಾಲಾದ ಫೂಲನ್ ದೇವಿಯ ನಿಜ. ಗುಂಪಿನೊಳಗೂ ಜಾತಿ ಇತ್ತು. ಆಕೆಯ ಸಂಗಾತಿ ವಿಕ್ರಮ್ ಮಲ್ಲಾನನ್ನು ಕೊಂದ ಠಾಕೂರ್ ಡಕಾಯಿತರು ಆಕೆಯನ್ನು ಬೆಹ್ಮಾಯಿಗೆ ಎಳೆದೊಯ್ದರು. 1981ರ ಫೆಬ್ರವರಿ 14ರಂದು ಅದೇ ಊರಿನಲ್ಲಿ 20 ಜನ ಗುಂಡಿಗೆ ಬಿದ್ದರು. ಸತ್ತವರ ಹೆಂಡಿರದೂ ಅನುಭವವೇ, ಅದನ್ನು ನಾನು ಪಕ್ಕಕ್ಕಿಡುವುದಿಲ್ಲ.

1983ರಲ್ಲಿ ಶರಣಾದ ಫೂಲನ್, ವಿಚಾರಣೆಯೇ ಇಲ್ಲದೆ 11 ವರ್ಷ ಜೈಲಿನಲ್ಲಿದ್ದಳು. ಓದುಬರಹ ಬಾರದು. ಬೇರೆಯವರ ಕೈಲಿ ಬರೆಸಿ ಹೊರಗೆ ಕಳಿಸಿದ ಮಾತುಗಳು ಮಾಲಾ ಸೇನ್ ಬರೆದ ಪುಸ್ತಕಕ್ಕೆ ಆಧಾರವಾದವು, ಪುಸ್ತಕ ಸಿನಿಮಾಕ್ಕೆ. ಆದರೆ ಬೆಹ್ಮಾಯಿಯಲ್ಲಿ ಏನಾಯಿತು ಅಂತ ಕೇಳಿದವರಿಗೆ ಆಕೆ, ನನ್ನನ್ನು ಬಹಳ ಗೇಲಿ ಮಾಡಿದರು ಅನ್ನುವ ಅರ್ಥದ ಮಾತಾಡಿ ಸುಮ್ಮನಾಗುತ್ತಿದ್ದಳು. ನಮ್ಮ ಕೇರಿಯ ಹೆಂಗಸರೂ 'ಆಗಬಾರದ್ದು ಆಯ್ತು ಕಣಣ್ಣ' ಅಂದು ಸೆರಗಿನ ತುದಿ ಬಾಯಿಗಿಟ್ಟುಕೊಳ್ಳುತ್ತಾರೆ. ಅದು ಅಂಜಿಕೆಯಲ್ಲ. ಎಷ್ಟು ಹೇಳಬೇಕು ಅನ್ನುವ ತೀರ್ಮಾನ. ಎಲ್ಲ ಕಿತ್ತುಕೊಂಡ ಮೇಲೂ ಆಕೆಯ ಕೈಲಿ ಉಳಿದದ್ದು ಅದೊಂದೇ. ಕ್ಯಾಮೆರಾ ಅದನ್ನೂ ಕಿತ್ತುಕೊಂಡಿತು. ಗೇಲಿ ಅನ್ನುವ ಮಾತಿನಿಂದ ಅದಕ್ಕೇನು ಲಾಭ? ಅದಕ್ಕೆ ಬೇಕಿದ್ದದ್ದು ಮೈ.

ಬಿಡುಗಡೆಯಾಗಿ ಬಂದ ಫೂಲನ್‌ಗೆ ಸಿನಿಮಾ ತೋರಿಸಿರಲಿಲ್ಲ. ಆಕೆ ಕೋರ್ಟಿಗೆ ಹೋದಳು. ಬದುಕಿರುವ ಹೆಣ್ಣಿನ ಮೇಲಾದ ಅತ್ಯಾಚಾರವನ್ನು ಆಕೆಯ ಒಪ್ಪಿಗೆಯಿಲ್ಲದೆ ಮತ್ತೆ ಆಡಿ ತೋರಿಸಲು ಯಾರು ಹಕ್ಕು ಕೊಟ್ಟರು ಅಂತ ಅರುಂಧತಿ ರಾಯ್ ಕೇಳಿದರು. ಕಡೆಗೆ ಹಣ ಕೊಟ್ಟು ರಾಜಿಯಾಯಿತು. ದುಡ್ಡಿಗೆ ಬಾಯಿ ಮುಚ್ಚಿದಳು ಅಂದವರುಂಟು. ಸಿನಿಮಾದವರೇನು ಧರ್ಮಕ್ಕೆ ತೋರಿಸಿದರೇ?

ತನ್ನ ಸಮುದಾಯಕ್ಕೆ ಅವಮಾನವಾಯಿತು ಅಂತ ಗುಜ್ಜರ್ ಸಮುದಾಯದ ಒಬ್ಬಾತ ಹೂಡಿದ ಬೇರೆ ಮೊಕದ್ದಮೆ ಸುಪ್ರೀಂ ಕೋರ್ಟಿನವರೆಗೆ ಹೋಯಿತು. 1996ರಲ್ಲಿ ಕೋರ್ಟು ಸಿನಿಮಾಕ್ಕೆ ಅನುಮತಿ ಎತ್ತಿಹಿಡಿಯಿತು. ಬೆತ್ತಲೆ ಮಾಡಿದ ದೃಶ್ಯ ನೋಡುವವನಲ್ಲಿ ಕಾಮವನ್ನಲ್ಲ, ಕನಿಕರವನ್ನು ಹುಟ್ಟಿಸುತ್ತದೆ ಎಂಬುದು ಅದರ ವಾದ. ನೋಡುವವನ ಕನಿಕರಕ್ಕೆ ಲೆಕ್ಕ ಸಿಕ್ಕಿತು. ಬೆತ್ತಲೆ ನಿಂತವಳು ಯಾವ ಲೆಕ್ಕದಲ್ಲಿ? ಅದೇ ವರ್ಷ ಆಕೆ ಮಿರ್ಜಾಪುರದಿಂದ ಲೋಕಸಭೆಗೆ ಗೆದ್ದಳು. 2001ರಲ್ಲಿ ದೆಹಲಿಯಲ್ಲಿ ಆಕೆಯನ್ನು ಗುಂಡಿಟ್ಟು ಕೊಂದರು.

ಸಿನಿಮಾದವರನ್ನು ಬೈಯುವುದು ಸುಲಭ ಗೆಳೆಯರೇ. ದೌರ್ಜನ್ಯ ನಡೆದ ಊರಿಗೆ ಸತ್ಯಶೋಧನೆ ಅಂತ ನಾವೂ ಹೋಗುತ್ತೇವೆ. ಸಾಕ್ಷಿಯಿಲ್ಲದೆ ಕೇಸು ನಿಲ್ಲುವುದಿಲ್ಲ, ಬಾಯಿ ಮುಚ್ಚಿದರೆ ಉಳಿಯುವವನು ಮೇಲ್ಜಾತಿಯ ಅಪರಾಧಿಯೇ. ಇದು ಗೊತ್ತು. ಆದರೆ ಕೋರ್ಟಿಗೆ ಬೇಕಾದ ಸಾಕ್ಷಿ ಬೇರೆ, ನಮ್ಮ ಸಭೆಯ ಬಿಸಿ ಏರಿಸಲು ಬೇಕಾದ ಗೋಳು ಬೇರೆ. ಹೋದ ಸಲ ಒಂದು ಹಟ್ಟಿಯಲ್ಲಿ 'ಇನ್ನೊಂದ್ಸಲ ಹೇಳಮ್ಮ, ಇಲ್ಲಿ ನೋಡ್ಕೊಂಡು ಹೇಳು' ಅಂತ ನಾನೇ ಮೊಬೈಲು ಹಿಡಿದು ನಿಂತಿದ್ದೆ. ಆಕೆ ಕೇಳಿದಳು: 'ಇದ್ನ ಯಾರ್ಯಾರು ನೋಡ್ತಾರಣ್ಣ?'

ಗೊತ್ತಿಲ್ಲ ಅಂದೆ. ಮೊಬೈಲು ಕೆಳಗಿಳಿಸಲಿಲ್ಲ.