ಕಾರಣ ತಿಳಿಯದುದೂ ಅಮೂಢದೃಷ್ಟಿಯೂ

ಕಾರಣ ತಿಳಿಯದ ಸಂಗತಿಯೊಂದನ್ನು ಕಂಡಾಗ ಶ್ರಾವಕನಾದವನು ಏನು ಮಾಡಬೇಕು? ಕೈಮುಗಿಯಬೇಕೆ, ನಕ್ಕು ಸುಮ್ಮನಾಗಬೇಕೆ?

ಅಮೆರಿಕೆಯಲ್ಲಿ ಧರ್ಮಗಳ ಅಧ್ಯಯನ ನಡೆಸುವ ಪ್ರಾಧ್ಯಾಪಕಿ ಡಯಾನಾ ವಾಲ್ಶ್ ಪಸುಲ್ಕಾ ಅವರು 2019ರಲ್ಲಿ ‘ಅಮೆರಿಕನ್ ಕಾಸ್ಮಿಕ್’ ಎಂಬ ಗ್ರಂಥವನ್ನು ಪ್ರಕಟಿಸಿದರು. ಆಕಾಶದಲ್ಲಿ ಕಾಣುವ, ಗುರುತು ಹತ್ತದ ವಸ್ತುಗಳ ಕುರಿತ ನಂಬಿಕೆಯೇ ಅದರ ವಿಷಯ. ಇದಕ್ಕೂ ಮುನ್ನ ಅವರು ಕ್ಯಾಥೊಲಿಕರ ‘ಪರ್ಗೆಟರಿ’, ಅಂದರೆ ಮೃತರ ಆತ್ಮಗಳು ಶುದ್ಧಿ ಪಡೆಯುವ ನೆಲೆಯ ಕಲ್ಪನೆಯನ್ನು ಅಭ್ಯಸಿಸಿದ್ದರು. ಅಲ್ಲಿನ ಹಳೆಯ ಬರಹಗಳಲ್ಲಿದ್ದ ಬೆಳಕಿನ ಗೋಳಗಳ ವರ್ಣನೆಗೂ ಇಂದಿನ ವರದಿಗಳಿಗೂ ಇದ್ದ ಹೋಲಿಕೆ ಅವರನ್ನು ಈ ವಿಷಯದತ್ತ ಸೆಳೆಯಿತು. ಅವು ನಿಜವೋ ಸುಳ್ಳೋ ಎಂದು ತೀರ್ಪು ಕೊಡುವುದು ಅವರ ಉದ್ದೇಶವಲ್ಲ. ನಂಬಿಕೆ ಹೇಗೆ ಹುಟ್ಟುತ್ತದೆ, ಚಲನಚಿತ್ರಗಳೂ ಯಂತ್ರಗಳೂ ಅದನ್ನು ಹೇಗೆ ರೂಪಿಸುತ್ತವೆ ಎಂಬುದೇ ಅವರ ಪರಿಶೀಲನೆ.

ಇದಕ್ಕೆ ಪ್ರಸಿದ್ಧ ನಿದರ್ಶನವೊಂದುಂಟು. 1947ರ ಜೂನ್ 24ರಂದು ಕೆನೆತ್ ಆರ್ನಾಲ್ಡ್ ಎಂಬ ವಿಮಾನ ಚಾಲಕನು ರೇನಿಯರ್ ಪರ್ವತದ ಬಳಿ ಒಂಬತ್ತು ವಸ್ತುಗಳನ್ನು ಕಂಡನು. ನೀರಿನ ಮೇಲೆ ಎಸೆದ ತಟ್ಟೆ ಪುಟಿಯುವಂತೆ ಅವು ಸಾಗಿದವೆಂದು ಅವನು ಹೇಳಿದ್ದು ಚಲನೆಯನ್ನು, ಆಕಾರವನ್ನಲ್ಲ. ಪತ್ರಿಕೆಗಳು ‘ಹಾರುವ ತಟ್ಟೆ’ ಎಂದು ಬರೆದವು. ಆ ಬಳಿಕ ಅನೇಕರಿಗೆ ತಟ್ಟೆಗಳೇ ಕಾಣತೊಡಗಿದವು!

ನಮ್ಮ ಆಚಾರ್ಯರು ಇದನ್ನು ಎಂದೋ ವಿವೇಚಿಸಿದ್ದಾರೆ. ದೇವತೆಗಳ ಆಗಮನ, ಆಕಾಶಗಮನ ಮೊದಲಾದ ವೈಭವಗಳು ಮಾಯಾವಿಗಳಲ್ಲಿಯೂ ಕಾಣುವುದರಿಂದ ಅವು ಭಗವಂತನ ಮಹತ್ತಿಗೆ ಪ್ರಮಾಣವಲ್ಲವೆಂದೇ ಸಮಂತಭದ್ರಸ್ವಾಮಿಗಳು ‘ಆಪ್ತಮೀಮಾಂಸೆ’ಯನ್ನು ಆರಂಭಿಸುತ್ತಾರೆ. ಅಮೂಢದೃಷ್ಟಿ ಅಂಗಕ್ಕೆ ಹೆಸರಾದ ರೇವತೀರಾಣಿಯು, ಊರಿಗೆ ಊರೇ ಇಪ್ಪತ್ತೈದನೆಯ ತೀರ್ಥಂಕರನ ಸಮವಸರಣಕ್ಕೆ ಓಡಿದಾಗಲೂ ಮನೆಯಿಂದ ಕದಲಲಿಲ್ಲ. ತೀರ್ಥಂಕರರು ಇಪ್ಪತ್ತನಾಲ್ವರೇ ಎಂಬ ಅರಿವು ಅವಳಿಗೆ ಸಾಕಾಗಿತ್ತು.

ಕೆಲವು ವರ್ಷಗಳ ಹಿಂದೆ ನಾನು ಸದಸ್ಯನಾಗಿದ್ದ ಬಸದಿಯ ಟ್ರಸ್ಟಿನ ಸಭೆಯಲ್ಲಿ ಒಂದು ಸಲಹೆ ಬಂತು. ಜಿನಬಿಂಬದ ಮೇಲೆ ನೀರಹನಿ ಮೂಡಿದ ಮೊಬೈಲ್ ಚಿತ್ರವನ್ನು ಅತಿಶಯವೆಂದು ಪ್ರಚಾರ ಮಾಡಿದರೆ ಜೀರ್ಣೋದ್ಧಾರದ ನಿಧಿ ಬೇಗ ಕೂಡೀತು ಎಂದು. ಗೋಡೆ ಬಿರುಕು ಬಿಟ್ಟಿದ್ದುದು ನಿಜ. ಹಣ ಬೇಕಿದ್ದುದೂ ನಿಜ. ಹನಿಯ ಕಾರಣ ಮಾತ್ರ ಯಾರಿಗೂ ತಿಳಿದಿರಲಿಲ್ಲ. ವ್ಯಾಪಾರಿಯಾದ ನಾನು ಲೆಕ್ಕದ ಮಾತನ್ನೇ ಆಡಿದೆ: “ಮೂಲ ತಿಳಿಯದ ಮೊತ್ತ ಬಂದರೆ ಅನಾಮತ್ತು ಖಾತೆಯಲ್ಲಿ ಬರೆದಿಡುತ್ತೇವೆಯೇ ಹೊರತು ಲಾಭಕ್ಕೆ ಜಮಾ ಮಾಡುವುದಿಲ್ಲ.” ಸಭೆ ಒಪ್ಪಿತು. ನಿಧಿ ಕೂಡಲು ಮತ್ತೆ ಎರಡು ವರ್ಷ ಹಿಡಿಯಿತು. ಭಕ್ತಿಯಿಂದಲೇ ಆ ಚಿತ್ರ ತಂದಿದ್ದ ಹಿರಿಯರೊಬ್ಬರು ನೊಂದುಕೊಂಡರು. ಅವರೊಡನೆ ಇನ್ನಷ್ಟು ಮೃದುವಾಗಿ ಮಾತನಾಡಬೇಕಿತ್ತೆಂಬ ಅಳುಕು ನನಗೆ ಇಂದಿಗೂ ಇದೆ.

ಆದರೂ ಪ್ರಭಾವನೆಯೆಂದರೆ ಅಜ್ಞಾನದ ಕತ್ತಲೆಯನ್ನು ಕಳೆಯುವುದು. ಆ ಕತ್ತಲೆಯಿಂದ ಕಾಣಿಕೆ ಎತ್ತುವುದಲ್ಲ. ನಂಬಿಕೆ ಹೇಗೆ ಹುಟ್ಟಿತೆಂದು ಕೇಳಿದರೆ ವಿದ್ವಾಂಸರ ಕೆಲಸ ಮುಗಿಯಬಹುದು. ಶ್ರಾವಕನು ಮತ್ತೂ ಒಂದು ಪ್ರಶ್ನೆಯನ್ನು ತನಗೆ ತಾನೇ ಹಾಕಿಕೊಳ್ಳಬೇಕು: ಈ ನಂಬಿಕೆಯಿಂದ ನನ್ನ ಲೋಭ ಕುಂದಿತೆ, ಹೆಚ್ಚಿತೆ?