ಕಾರ್ಮೆಲಾಳ ಮುಖದ ಋಣ

ರೊಸೆಲ್ಲಿನಿಯ 'ಪೈಸಾ' ಸಿನಿಮಾವನ್ನು ನಾವು ನಾಲ್ಕಾರು ಗೆಳೆಯರು ಬಾಡಿಗೆ ಕೋಣೆಯಲ್ಲಿ ಕೂತು ನೋಡಿದೆವು. ಪೈಸಾ ಅಂದರೆ ದುಡ್ಡಲ್ಲ, ಇಟಲಿಯ ಆಡುಮಾತಲ್ಲಿ 'ನಮ್ಮೂರವನು' ಅಂತ. ಯುದ್ಧದ ಬೂದಿ ಇನ್ನೂ ಆರಿರದ 1946ರಲ್ಲಿ ತೆರೆಕಂಡ ಚಿತ್ರ. ಆರು ಕಥೆಗಳು. ಮೊದಲ ಕಥೆಯ ಹುಡುಗಿ ಕಾರ್ಮೆಲಾ. ಆ ಪಾತ್ರ ಮಾಡಿದವಳು ಕಾರ್ಮೆಲಾ ಸಾತ್ಸಿಯೊ. ನಟನೆ ಕಲಿತವಳಲ್ಲ. ಅವಳ ಮುಖವನ್ನಷ್ಟೇ ಅಲ್ಲ, ಹೆಸರನ್ನೂ ಸಿನಿಮಾ ತೆಗೆದುಕೊಂಡಿತು.

1943ರ ಸಿಸಿಲಿ. ಅಮೆರಿಕದ ಸೈನಿಕರು ಬಂದಿಳಿದಿದ್ದಾರೆ. ಜರ್ಮನರು ನೆಲದಲ್ಲಿ ಹೂತಿಟ್ಟ ಬಾಂಬು ತಪ್ಪಿಸಿ ದಾರಿ ತೋರಿಸಲು ಕಾರ್ಮೆಲಾ ಮುಂದೆ ನಡೆಯುತ್ತಾಳೆ. ಕಡಲಂಚಿನ ಪಾಳು ಕೋಟೆಯಲ್ಲಿ ಜೋ ಎಂಬ ಸಿಪಾಯಿಯನ್ನು ಅವಳ ಜೊತೆ ಬಿಟ್ಟು ಉಳಿದವರು ಹೋಗುತ್ತಾರೆ. ಅವನ ಮಾತು ಅವಳಿಗೆ ತಿಳಿಯದು, ಅವಳದು ಅವನಿಗೆ ತಿಳಿಯದು. ಮನೆಯವರ ಫೋಟೋ ತೋರಿಸೋಕೆ ಅಂತ ಜೋ ಲೈಟರ್ ಹಚ್ಚಿದ್ದೇ ತಡ, ಜರ್ಮನರ ಗುಂಡು ಬೀಳುತ್ತದೆ. ಅವನು ಸತ್ತ ಮೇಲೆ ಕಾರ್ಮೆಲಾ ಅವನ ಬಂದೂಕೆತ್ತಿ ಜರ್ಮನರ ಮೇಲೆ ಹಾರಿಸುತ್ತಾಳೆ. ಅವರ ಕೈಯಲ್ಲೇ ಸಾಯುತ್ತಾಳೆ. ಸದ್ದು ಕೇಳಿ ಓಡಿಬಂದ ಅಮೆರಿಕನ್ನರು ಜೋನ ಹೆಣ ನೋಡಿ, ಇವಳೇ ಕೊಂದಳೆಂದು ಬೈಯುತ್ತಾರೆ. ಆಮೇಲೆ ತೆರೆಯ ಮೇಲೆ ಬಂಡೆಗಳ ನಡುವೆ ಬಿದ್ದ ಅವಳ ಹೆಣ.

ಸತ್ಯ ನಮಗೆ ಗೊತ್ತು, ಆ ಸಿಪಾಯಿಗಳಿಗೆ ಗೊತ್ತಿಲ್ಲ ಅಂತ ನಮಗೆ ಸಂಕಟ. ಆಗ ಒಬ್ಬ ಕೇಳಿದ: "ಈ ಹುಡುಗಿ ಆಮೇಲೆ ಇನ್ಯಾವ ಪಿಚ್ಚರಲ್ಲಿ ಮಾಡವ್ಳೆ?" ಹುಡುಕಿದೆವು. ಸಿನಿಮಾ ಚರಿತ್ರೆ ಅವಳ ಹೆಸರಿಗೆ ಬರೆದಿರುವುದು ಇದೊಂದೇ ಪಾತ್ರ.

ಇದೇ ಚಿತ್ರದ ಫ್ಲಾರೆನ್ಸ್ ಕಥೆಯಲ್ಲಿ ಕೆಲವೇ ಕ್ಷಣ ಬಂದುಹೋಗುವ ಇನ್ನೊಬ್ಬಾಕೆ ಜೂಲಿಯೆಟ್ಟಾ ಮಸೀನಾ. ರಂಗಭೂಮಿ, ರೇಡಿಯೊ ಬಲ್ಲವಳು. 'ಪೈಸಾ'ದ ಚಿತ್ರಕಥೆಗೆ ದುಡಿದ ಫೆಲಿನಿಯ ಹೆಂಡತಿ. 1954ರ 'ಲಾ ಸ್ತ್ರಾದಾ'ದಿಂದ ಲೋಕಕ್ಕೆಲ್ಲ ಗೊತ್ತಾದಳು. ಮಸೀನಾಳ ಪ್ರತಿಭೆಯನ್ನು ನಾವು ಹಳಿಯುತ್ತಿಲ್ಲ. ಆದರೆ ಒಂದಿಡೀ ಕಥೆ ಹೊತ್ತವಳು ಅಲ್ಲಿಗೇ ನಿಂತಳಲ್ಲ, ಅದಕ್ಕೆ ಪ್ರತಿಭೆಯೊಂದೇ ಕಾರಣ ಅಂದರೆ ನಾವು ಒಪ್ಪೋದಿಲ್ಲ.

ಹಾಗಾದರೆ ರೊಸೆಲ್ಲಿನಿ ತಪ್ಪು ಮಾಡಿದನೇ? ಮುಸೊಲಿನಿಯ ಕಾಲದ ಎಷ್ಟೋ ಚಿತ್ರಗಳ ತುಂಬ ಉಳ್ಳವರ ದಿವಾನಖಾನೆ, ಅವರ ಬಿಳಿ ಟೆಲಿಫೋನು. ಅಂಥ ತೆರೆಯ ಮೇಲೆ ಪೌಡರು ಕಾಣದ ಮುಖ ತಂದದ್ದೇ ಬಂಡಾಯ. ಅದನ್ನು ಮರೆತರೆ ನಾವು ಕೃತಘ್ನರು. ಆದರೆ ಮುಖ ತಂದಷ್ಟಕ್ಕೆ ಋಣ ತೀರಿತೇ? 1948ರ 'ಬೈಸಿಕಲ್ ಥೀವ್ಸ್'ನಲ್ಲಿ ಡಿ ಸಿಕಾ, ಕಾರ್ಖಾನೆಯ ಕೆಲಸಗಾರ ಲಂಬೆರ್ತೊ ಮಜ್ಜೊರಾನಿಯಿಂದ ಸಿಕ್ಕ ಕೆಲಸ ಕೈತಪ್ಪುವವನ ಪಾತ್ರ ಮಾಡಿಸಿದ. ಸಿನಿಮಾ ಗೆದ್ದಿತು. ಕಾರ್ಖಾನೆಗೆ ವಾಪಸು ಹೋದ ಮಜ್ಜೊರಾನಿ ನಿಜವಾಗಿಯೂ ಕೆಲಸ ಕಳಕೊಂಡ. ತೆರೆಯ ಮೇಲಿನ ನಿರುದ್ಯೋಗಿಗಾಗಿ ಅತ್ತ ಲೋಕ, ಬೀದಿಗೆ ಬಿದ್ದ ನಿರುದ್ಯೋಗಿಗೆ ಸಣ್ಣಪುಟ್ಟ ಪಾತ್ರ ಬಿಟ್ಟು ಇನ್ನೇನು ಕೊಟ್ಟಿತು?

ಈ ಪ್ರಶ್ನೆ ಇಟಲಿಯವರಿಗಷ್ಟೇ ಕೇಳಿ ಕೈತೊಳೆದುಕೊಳ್ಳೋಣ ಅಂದುಕೊಂಡೆವು. ಆಗಲಿಲ್ಲ. ನಾವೂ ಮುಖ ತೆಗೆದುಕೊಂಡವರೇ. ಮನೆಯಲ್ಲಿ ಮೊದಲು ಡಿಗ್ರಿ ಕಂಡ ನಾವು, ಅವ್ವನ ಒಡೆದ ಹಿಮ್ಮಡಿಯನ್ನು ಪದ್ಯಕ್ಕಿಟ್ಟೆವು. ಚಪ್ಪಾಳೆ ನಮಗೆ ಬಿತ್ತು. ಹಿಮ್ಮಡಿ ಅವ್ವನ ಹತ್ತಿರವೇ ಉಳಿಯಿತು. ಆ ಪದ್ಯವನ್ನು ಅವ್ವನಿಗೆ ಒಂದು ಸಲವಾದರೂ ಓದಿ ಹೇಳಿದ್ದೀವಾ?

ಮುಖ ತೆಗೆದುಕೊಳ್ಳಲೇಬೇಡಿ ಅಂತ ನಾವು ಹೇಳೋದಿಲ್ಲ. ಹಾಗಂದರೆ ತೆರೆ ಮತ್ತೆ ಬಿಳಿ ಟೆಲಿಫೋನಿನವರ ಪಾಲಾಗುತ್ತದೆ. ಆದರೆ ಮುಖ ಕೊಟ್ಟವರು ಕಲೆಗೆ ಸಿಕ್ಕ ಕಚ್ಚಾಮಾಲಲ್ಲ. ಅವರಿಗೂ ನಾಳೆಯ ಹೊಟ್ಟೆಯಿದೆ. 'ಇದು ನಾನಲ್ಲ' ಅಂತ ನಮ್ಮೆದುರು ನಿಂತು ಹೇಳುವ ಹಕ್ಕಿದೆ. ಆ ಹಕ್ಕು ಒಪ್ಪದ ಕಲೆ ಎಷ್ಟೇ ಚೆನ್ನಾಗಿರಲಿ, ಸಾಲ ತೀರಿಸದ ಕಲೆ.

ಆ ಸಿಪಾಯಿಗಳು ಕಾರ್ಮೆಲಾಳನ್ನು ಕೇಳದೆ ಬೈದರು. ನಾವು ಕೇಳದೆ ಹೊಗಳುತ್ತೀವಿ. ಕೇಳದೇ ಇರೋದು ಎರಡರಲ್ಲೂ ಒಂದೇ. ಈ ಸಲ ಊರಿಗೆ ಹೋದಾಗ ಪದ್ಯವನ್ನು ಮೊದಲು ಅವ್ವನಿಗೆ ಓದಿ ಹೇಳೋಣ. ಬೈದರೆ ಬೈಸಿಕೊಳ್ಳೋಣ.