ರಸಾಯನದಲ್ಲಿ ಬೆರೆತ ಹಣ್ಣುಗಳು: ಐಕ್ಯದ ಪ್ರಶ್ನೆ

ಅನೇಕ ವಸ್ತುಗಳು ಸೇರಿ ಒಂದಾದಾಗ ಆ ಅನೇಕಗಳು ಉಳಿಯುತ್ತವೆಯೇ, ಅಳಿಯುತ್ತವೆಯೇ, ಅಥವಾ ಉಳಿದೂ ಗುರುತಿಗೆ ಸಿಗದಂತಾಗುತ್ತವೆಯೇ ಎಂಬ ಪ್ರಶ್ನೆಯನ್ನು ಭಾರತೀಯ ದರ್ಶನಗಳು ಹಲವು ನೆಲೆಗಳಲ್ಲಿ ಎತ್ತಿವೆ. ದ್ರವ್ಯವನ್ನು ವಿಚಾರಿಸುವ ನೈಯಾಯಿಕರಿಗೆ, ಔಷಧವನ್ನು ವಿಚಾರಿಸುವ ವೈದ್ಯರಿಗೆ, ಕಾವ್ಯರಸವನ್ನು ವಿಚಾರಿಸುವ ಆಲಂಕಾರಿಕರಿಗೆ, ಜೀವ ಮತ್ತು ಬ್ರಹ್ಮದ ಸಂಬಂಧವನ್ನು ವಿಚಾರಿಸುವ ವೇದಾಂತಿಗಳಿಗೆ ಈ ಪ್ರಶ್ನೆ ಬೇರೆ ಬೇರೆ ಕಾರಣಕ್ಕೆ ಮುಖ್ಯವಾಯಿತು. ಅವರೆಲ್ಲರೂ ಉದಾಹರಣೆಗಾಗಿ ಪದೇ ಪದೇ ತಿರುಗಿದ್ದು ಅಡುಗೆಮನೆಯ ಕಡೆಗೆ. ಜೇನು, ಉಪ್ಪುನೀರು, ಪಾನಕ, ಹಾಲು ಮೊಸರಾಗುವುದು ಇವೆಲ್ಲ ಶಾಸ್ತ್ರಗ್ರಂಥಗಳಲ್ಲಿ ಗಂಭೀರ ಚರ್ಚೆಯ ವಸ್ತುಗಳಾಗಿವೆ. ಕರ್ನಾಟಕದ ಕರಾವಳಿಯ ಹಣ್ಣಿನ ರಸಾಯನವೂ ಅಂಥದೇ ವಿಚಾರಕ್ಕೆ ತಕ್ಕ ವಸ್ತು. ಏಕೆಂದರೆ ಅದರಲ್ಲಿ ವಸ್ತುಗಳು ಕೂಡುವ ಬಗೆ ಒಂದಲ್ಲ.

ಕರಾವಳಿ ಮತ್ತು ಮಲೆನಾಡಿನ ಮನೆಗಳಲ್ಲಿ ಹಬ್ಬದೂಟಕ್ಕೂ ದೇವರ ನೈವೇದ್ಯಕ್ಕೂ ಮಾಡುವ ರಸಾಯನವೆಂದರೆ ಮಾಗಿದ ಹಣ್ಣಿನ ಹೋಳುಗಳನ್ನು ಕಾಯಿಹಾಲು, ಬೆಲ್ಲ, ಏಲಕ್ಕಿಗಳೊಡನೆ ಬೆರೆಸಿದ, ಒಲೆಯ ಮೇಲೆ ಏರದ ತಂಪು ಸಿಹಿ. ಬಾಳೆಹಣ್ಣಿನ ರಸಾಯನ ವರ್ಷವಿಡೀ ಆಗುತ್ತದೆ. ಬೇಸಿಗೆಯಲ್ಲಿ ಮಾವಿನಹಣ್ಣು, ಕರಬೂಜ ಅದರ ಜಾಗಕ್ಕೆ ಬರುತ್ತವೆ, ಇಲ್ಲವೇ ಜೊತೆ ಸೇರುತ್ತವೆ. ಉತ್ತರ ಕರ್ನಾಟಕದ ಮಾವಿನಹಣ್ಣಿನ ಸೀಕರಣೆ ಇದರ ಹತ್ತಿರದ ಬಂಧು. ತುರಿದ ಕಾಯಿಯನ್ನು ಸ್ವಲ್ಪವೇ ನೀರು ಹಾಕಿ ರುಬ್ಬಿ, ತೆಳು ಬಟ್ಟೆಯಲ್ಲಿ ಹಿಂಡಿದಾಗ ಮೊದಲು ಇಳಿಯುವ ದಪ್ಪ ಹಾಲಿಗೆ ಪುಡಿಮಾಡಿದ ಬೆಲ್ಲ ಹಾಕಿ, ಕರಗಿದ ಮೇಲೆ ಸೋಸಿ, ಹಣ್ಣಿನ ಹೋಳುಗಳನ್ನು ಕೊನೆಗೆ ಬಿಡುತ್ತಾರೆ. ಕೆಲವು ಮನೆಗಳಲ್ಲಿ ಹುರಿದ ಎಳ್ಳಿನ ಪುಡಿಯನ್ನೂ ಉದುರಿಸುವುದುಂಟು. ಪಾತ್ರೆಯೊಳಗೆ ನಡೆಯುವುದನ್ನು ಗಮನವಿಟ್ಟು ನೋಡಿದರೆ ಬೆಲ್ಲ ತನ್ನ ಆಕಾರವನ್ನು ಪೂರ್ತಿ ಕಳೆದುಕೊಂಡು, ಯಾವ ಹನಿಯನ್ನು ತೆಗೆದರೂ ಅಲ್ಲಿದೆ ಎನ್ನುವಂತೆ ಹರಡುತ್ತದೆ. ಕಾಯಿಹಾಲಿನ ಜಿಡ್ಡು ಹಾಗೆ ಕರಗುವುದಿಲ್ಲ. ಕಣ್ಣಿಗೆ ಕಾಣದಷ್ಟು ಸಣ್ಣ ಹನಿಗಳಾಗಿ ನೀರಿನಲ್ಲಿ ತೇಲುತ್ತ ನೋಡುವವರಿಗೆ ಒಂದೇ ಬಿಳುಪಾಗಿ ಕಂಡರೂ, ಕೆಲವು ಗಂಟೆ ಅಲುಗಾಡಿಸದೆ ಇಟ್ಟರೆ ಮೇಲೆ ಕೆನೆಯಾಗಿ ಬೇರ್ಪಡುತ್ತದೆ. ಹಣ್ಣಿನ ಹೋಳು ಹೋಳಾಗಿಯೇ ಇರುತ್ತದೆ. ಆದರೆ ಬೆಲ್ಲದ ಪಾಕ ಅದರೊಳಗಿನ ರಸವನ್ನು ಹೊರಗೆಳೆಯುವುದರಿಂದ ಅಂಚು ಮೆತ್ತಗಾಗಿ, ಹಣ್ಣಿನ ಪರಿಮಳ ಹಾಲಿಗೆ ಇಳಿಯುತ್ತದೆ.

ಇಂಥ ಮಿಶ್ರಣಕ್ಕೆ ತನ್ನದೇ ಒಂದು ರುಚಿ ಇದೆಯೇ ಎಂದು ಕೇಳಿದರೆ ನ್ಯಾಯಶಾಸ್ತ್ರ ಕೊಡುವ ಉತ್ತರ ಮೊದಲ ಓದಿಗೆ ಅಚ್ಚರಿ ಹುಟ್ಟಿಸುತ್ತದೆ. ನೈಯಾಯಿಕರ ಪ್ರಕಾರ ಅವಯವಗಳು, ಅಂದರೆ ಭಾಗಗಳು ಸೇರಿದಾಗ ಅವಯವಿ, ಅಂದರೆ ಭಾಗಗಳಿಗಿಂತ ಬೇರೆಯಾದ ಒಂದು ಇಡಿಯ ವಸ್ತು ಹುಟ್ಟುತ್ತದೆ. ನೂಲುಗಳಿಂದ ಬಟ್ಟೆ ಹುಟ್ಟುವುದು ಇದಕ್ಕೆ ಅವರ ನಿತ್ಯದ ಉದಾಹರಣೆ. ಬಣ್ಣಬಣ್ಣದ ನೂಲುಗಳಿಂದ ನೇಯ್ದ ಬಟ್ಟೆಯ ಬಣ್ಣ ಯಾವುದು ಎಂಬ ಪ್ರಶ್ನೆ ಬಂದಾಗ ಅವರು ಚಿತ್ರರೂಪವೆಂಬ ಪ್ರತ್ಯೇಕ ಬಣ್ಣವನ್ನೇ ಒಪ್ಪಿದರು. ಆದ್ದರಿಂದಲೇ ಅನ್ನಂಭಟ್ಟನ ತರ್ಕಸಂಗ್ರಹದಲ್ಲಿ ರೂಪ ಏಳು ಬಗೆ, ಆದರೆ ರಸ ಆರೇ ಬಗೆ. ಚಿತ್ರರಸವೊಂದನ್ನು ಏಕೆ ಒಪ್ಪಲಿಲ್ಲ ಎಂಬುದಕ್ಕೆ ವಿಶ್ವನಾಥನ ನ್ಯಾಯಸಿದ್ಧಾಂತಮುಕ್ತಾವಳಿ ಕಾರಣ ಕೊಡುತ್ತದೆ: ಬಣ್ಣವಿಲ್ಲದ ವಸ್ತು ಕಣ್ಣಿಗೆ ಕಾಣದು, ಆದ್ದರಿಂದ ಕಾಣುವ ಬಟ್ಟೆಗೆ ಬಣ್ಣವೊಂದು ಬೇಕೇ ಬೇಕು, ನಾಲಗೆಯಾದರೋ ವಸ್ತುವನ್ನು ಹಿಡಿಯುವುದೇ ಇಲ್ಲ, ರುಚಿಯನ್ನಷ್ಟೇ ಹಿಡಿಯುತ್ತದೆ, ಆದ್ದರಿಂದ ಬೇರೆ ಬೇರೆ ರುಚಿಯ ಭಾಗಗಳಿಂದಾದ ಇಡಿಗೆ ತನ್ನದೇ ರುಚಿ ಇಲ್ಲದಿದ್ದರೂ ಬಾಧಕವಿಲ್ಲ, ನಾಲಗೆಗೆ ಸಿಗುವುದು ಭಾಗಗಳ ರುಚಿಯೇ. ಈ ಲೆಕ್ಕದಲ್ಲಿ ಮಾವು ಸಿಹಿ ಹುಳಿ, ಎಳ್ಳು ಒಗರು, ಬೆಲ್ಲ ಸಿಹಿ. ರಸಾಯನವೆಂಬ ಇಡಿಗೆ ಮಾತ್ರ ರುಚಿಯಿಲ್ಲ. ತರ್ಕದ ಮಿತವ್ಯಯ ಮೆಚ್ಚತಕ್ಕದ್ದೇ, ಬೇಡದ ಪದಾರ್ಥವೊಂದನ್ನು ಕಲ್ಪಿಸದಿರುವ ಶಿಸ್ತು ಅದರಲ್ಲಿದೆ. ಆದರೂ ಉಣ್ಣುವವರ ಅನುಭವಕ್ಕೆ ಅದು ನ್ಯಾಯ ಒದಗಿಸುವುದಿಲ್ಲವೆಂದೇ ಹೇಳಬೇಕು.

ಆಯುರ್ವೇದ ಇಲ್ಲಿ ಹೆಚ್ಚು ಸೂಕ್ಷ್ಮವಾಗಿ ನಡೆದುಕೊಂಡಿದೆ. ಚರಕಸಂಹಿತೆಯ ವಿಮಾನಸ್ಥಾನದ ಮೊದಲ ಅಧ್ಯಾಯ ಅನೇಕ ರಸಗಳುಳ್ಳ ದ್ರವ್ಯಗಳ ಪರಿಣಾಮವನ್ನು ಅರಿಯುವ ಬಗೆಯನ್ನು ವಿಚಾರಿಸುತ್ತ ಎರಡು ರೀತಿಯ ಕೂಡುವಿಕೆಯನ್ನು ಬಿಡಿಸಿ ಹೇಳುತ್ತದೆ. ಘಟಕಗಳು ತಮ್ಮ ಸ್ವಭಾವಕ್ಕೆ ಅನುಗುಣವಾಗಿಯೇ ಸೇರಿದ್ದರೆ ಅದು ಪ್ರಕೃತಿಸಮಸಮವೇತ. ಅಲ್ಲಿ ಒಂದೊಂದರ ಗುಣವನ್ನು ತಿಳಿದು ಇಡಿಯ ಗುಣವನ್ನು ಊಹಿಸಬಹುದು. ಸೇರುವಾಗಲೇ ಸ್ವಭಾವ ಮಾರ್ಪಟ್ಟಿದ್ದರೆ ಅದು ವಿಕೃತಿವಿಷಮಸಮವೇತ; ಅಲ್ಲಿ ಬಿಡಿಗಳ ಲೆಕ್ಕ ಉಪಯೋಗಕ್ಕೆ ಬಾರದು, ಇಡಿಯನ್ನೇ ಇಡಿಯಾಗಿ ಪರೀಕ್ಷಿಸಬೇಕು. ಅರಸಿನಕ್ಕೆ ಸುಣ್ಣ ಸೇರಿದಾಗ ಆರತಿಯ ಓಕುಳಿ ಕೆಂಪಾಗುವುದನ್ನು ಕಂಡವರಿಗೆ ಈ ಎರಡನೆಯ ಬಗೆ ಅಪರಿಚಿತವಲ್ಲ; ಆ ಕೆಂಪು ಹಳದಿಯಲ್ಲೂ ಇರಲಿಲ್ಲ, ಬಿಳುಪಿನಲ್ಲೂ ಇರಲಿಲ್ಲ. ಅದೇ ಗ್ರಂಥದ ಸೂತ್ರಸ್ಥಾನದ 26ನೆಯ ಅಧ್ಯಾಯ ಒಂದೊಂದಾಗಿ ಹಿತವಾದ ಜೇನು ಮತ್ತು ತುಪ್ಪ ಸಮಪ್ರಮಾಣದಲ್ಲಿ ಕೂಡಿದರೆ ಅಹಿತವೆನ್ನುತ್ತದೆ. ಪಂಚಾಮೃತ ಕೂಡಿಸುವಾಗ ಅವೆರಡನ್ನು ಸಮಸಮ ಹಾಕಬಾರದೆಂದು ಹಿರಿಯರು ಎಚ್ಚರಿಸುವುದಕ್ಕೆ ಹಿನ್ನೆಲೆ ಇದೇ. ಮಾವು, ಬಾಳೆ ಮುಂತಾದ ಹಣ್ಣುಗಳನ್ನು ಹಾಲಿನೊಡನೆ ಸೇವಿಸುವುದನ್ನೂ ಅದು ವಿರುದ್ಧಾಹಾರದಲ್ಲಿ ಎಣಿಸಿದೆ. ಆ ನಿಷೇಧದ ಹಾಲು ಪಶುವಿನ ಹಾಲು. ಕಾಯಿಹಾಲಿನಲ್ಲಿ ಮಾಡುವ ಕರಾವಳಿಯ ಕ್ರಮಕ್ಕೆ ಅದು ನೇರವಾಗಿ ತಾಗುವುದಿಲ್ಲ. ಅನಾನಸನ್ನು ಹಸುವಿನ ಹಾಲಿಗೋ ಮೊಸರಿಗೋ ಹಾಕಿಟ್ಟರೆ ಸ್ವಲ್ಪ ಹೊತ್ತಿನಲ್ಲಿ ಕಹಿಯಾಗುವುದಕ್ಕೆ ಹಣ್ಣಿನಲ್ಲಿರುವ ಬ್ರೊಮೆಲೈನ್ ಎಂಬ ಕಿಣ್ವ ಹಾಲಿನ ಪ್ರೋಟೀನನ್ನು ಕತ್ತರಿಸುವುದು ಕಾರಣವೆಂದು ಇಂದಿನ ರಸಾಯನಶಾಸ್ತ್ರ ತಿಳಿಸುತ್ತದೆ. ಅನಾನಸೂ ಕಹಿಯಲ್ಲ, ಹಾಲೂ ಕಹಿಯಲ್ಲ.

ಭರತನ ನಾಟ್ಯಶಾಸ್ತ್ರದ ಆರನೆಯ ಅಧ್ಯಾಯ ಕಾವ್ಯರಸವನ್ನು ವಿವರಿಸಲು ಬೆಲ್ಲ ಮತ್ತು ವ್ಯಂಜನದ್ರವ್ಯಗಳು ಕೂಡಿ ಹುಟ್ಟುವ ರುಚಿಯನ್ನೇ ಉದಾಹರಿಸಿತು. ಸುಮಾರು ಸಾವಿರ ವರ್ಷಗಳ ಹಿಂದೆ ಕಾಶ್ಮೀರದ ಅಭಿನವಗುಪ್ತ ಅದನ್ನು ಪಾನಕರಸದ ದೃಷ್ಟಾಂತವಾಗಿ ಬೆಳೆಸಿದ. ಬೆಲ್ಲ, ಮೆಣಸು ಮುಂತಾದವು ಸೇರಿದ ಪಾನಕದ ಸವಿ ಅವುಗಳಲ್ಲಿ ಒಂದೊಂದರ ಸವಿಗಿಂತ ವಿಲಕ್ಷಣ. ಹಾಗೆಯೇ ನಾಯಕ, ನಾಯಿಕೆ, ಬೆಳದಿಂಗಳು, ಕಣ್ಣೀರು ಇವು ಬಿಡಿಬಿಡಿಯಾಗಿ ಕೊಡದ ಅನುಭವವನ್ನು ಕಾವ್ಯ ಕೊಡುತ್ತದೆ. ಅವನ ಸಿದ್ಧಾಂತದಲ್ಲಿ ಮುಖ್ಯವಾದ ಇನ್ನೊಂದು ಅಂಶವೆಂದರೆ ರಸವು ಆಸ್ವಾದಕ್ಕಿಂತ ಮೊದಲೇ ಎಲ್ಲೋ ಸಿದ್ಧವಾಗಿ ಕುಳಿತಿರುವ ವಸ್ತುವಲ್ಲ. ಸವಿಯುತ್ತಿರುವುದೇ ಅದರ ಇರವು. ಮುಕ್ತಾವಳಿಯ ಮಾತಿನ ಒಣತನವನ್ನು ಇದು ಬೇರೊಂದು ದಾರಿಯಿಂದ ಸರಿಪಡಿಸುತ್ತದೆ: ಪಾತ್ರೆಯಲ್ಲಿರುವಾಗ ಇಡಿಯ ರುಚಿ ಇಲ್ಲವೆಂದು ಒಪ್ಪಿದರೂ, ನಾಲಗೆಯ ಮೇಲೆ ಅದು ಒಂದೇ ಆಗಿ ಹುಟ್ಟುತ್ತದೆ ಎನ್ನಲು ಅಡ್ಡಿಯಿಲ್ಲ.

ಪ್ರಶ್ನೆ ಅತ್ಯಂತ ಬಿಗಿಯಾಗುವುದು ವೇದಾಂತದಲ್ಲಿ. ಛಾಂದೋಗ್ಯೋಪನಿಷತ್ತಿನ ಆರನೆಯ ಅಧ್ಯಾಯದಲ್ಲಿ ಉದ್ದಾಲಕ ಆರುಣಿ ಮಗ ಶ್ವೇತಕೇತುವಿಗೆ ಜೇನಿನ ದೃಷ್ಟಾಂತ ಕೊಡುತ್ತಾನೆ. ಜೇನುಹುಳುಗಳು ನಾನಾ ಮರಗಳ ರಸವನ್ನು ತಂದು ಒಂದಾಗಿಸುತ್ತವೆ. ಅಲ್ಲಿ ಆ ರಸಗಳಿಗೆ ತಾನು ಇಂಥ ಮರದ್ದು ಎಂಬ ವಿವೇಕ ಉಳಿಯದು. ಹಾಗೆಯೇ ಈ ಪ್ರಜೆಗಳು ಸತ್ತನ್ನು, ಅಂದರೆ ಎಲ್ಲಕ್ಕೂ ಮೂಲವಾದ ಇರವನ್ನು ಸೇರಿದಾಗ ಸೇರಿದ್ದೇವೆಂದು ಅರಿಯರು. ಅದ್ವೈತದ ದೃಷ್ಟಿಯಲ್ಲಿ ಈ ಪ್ರಕರಣದ ತಾತ್ಪರ್ಯ ಜೀವ ಮತ್ತು ಬ್ರಹ್ಮದ ಅಭೇದ. ಉಡುಪಿಯಲ್ಲಿ ಕೃಷ್ಣನನ್ನು ಪ್ರತಿಷ್ಠಾಪಿಸಿದ ಮಧ್ವಾಚಾರ್ಯರಾದರೋ ವಿಷ್ಣುತತ್ತ್ವನಿರ್ಣಯದಲ್ಲಿ ಇದೇ ಪ್ರಕರಣದ ದೃಷ್ಟಾಂತಗಳೆಲ್ಲ ಭೇದವನ್ನೇ ಹೇಳುತ್ತವೆಂದು ವಾದಿಸಿದರು. ಬೇರೆ ಬೇರೆ ಮರದ ರಸಗಳು ಜೇನಿನಲ್ಲಿ ಬೇರೆಯಾಗಿಯೇ ಇವೆ. ಅವುಗಳಿಗೆ ಆ ಬೇರೆತನ ತಿಳಿಯದು, ಅಷ್ಟೆ. ತಿಳಿಯದಿರುವುದರಿಂದ ಭೇದ ಇಲ್ಲವಾಗುವುದಿಲ್ಲ.

ದೃಷ್ಟಾಂತದ ಮಟ್ಟಿಗೆ ಮಧ್ವರ ಓದು ಹೆಚ್ಚು ಬಲವಾದದ್ದೆಂದು ಒಪ್ಪಬೇಕಾಗುತ್ತದೆ. ಏಕೆಂದರೆ ಉಪನಿಷತ್ತು ಅಲ್ಲಿಗೇ ನಿಲ್ಲದೆ, ಹುಲಿಯಾಗಲಿ ಸಿಂಹವಾಗಲಿ ಹುಳುವಾಗಲಿ ಯಾವುದು ಏನಾಗಿತ್ತೋ ಮತ್ತೆ ಅದೇ ಆಗುತ್ತದೆ ಎನ್ನುತ್ತದೆ. ಸೇರಿದಾಗ ಬೇರೆತನ ಬುಡಸಮೇತ ಅಳಿದಿದ್ದರೆ ಹುಲಿ ಹುಲಿಯಾಗಿಯೇ ಮರಳಲು ಆಧಾರ ಬೇಕಾಗುತ್ತದೆ. ಆದರೆ ಇದರಿಂದ ಅದ್ವೈತ ಸೋತಂತಲ್ಲ. ಮರಳುವಿಕೆಗೆ ಅಳಿಯದೆ ಉಳಿದ ಅವಿದ್ಯೆಯೇ ಕಾರಣವೆಂಬ ಉತ್ತರ ಆ ಪಕ್ಷದಲ್ಲಿದೆ, ಅದರ ನಿಜವಾದ ಆಧಾರ ಜೇನಲ್ಲ, ಐಕ್ಯವನ್ನು ಹೇಳುವ ಶ್ರುತಿವಾಕ್ಯ. ಲೌಕಿಕರೂ ಪರೀಕ್ಷಕರೂ ಒಂದೇ ರೀತಿ ಒಪ್ಪಿದ್ದು ಮಾತ್ರ ದೃಷ್ಟಾಂತ ಎಂದು ನ್ಯಾಯಸೂತ್ರ ಹೇಳಿದೆ. ಜೇನಿನಲ್ಲಿ ರಸಗಳು ಅಳಿದವೇ ಉಳಿದವೇ ಎಂಬುದರಲ್ಲೇ ಭಿನ್ನಮತವಿರುವಾಗ ಜೇನು ಯಾವ ಪಕ್ಷವನ್ನೂ ಸಾಧಿಸಿಕೊಡಲಾರದು.

ಒಂದೇ ಪಾತ್ರೆಯ ರಸಾಯನ ಇದನ್ನು ಇನ್ನಷ್ಟು ಸ್ಪಷ್ಟಪಡಿಸುತ್ತದೆ. ಬೆಲ್ಲವನ್ನು ಮಾತ್ರ ನೋಡಿದವರಿಗೆ ಐಕ್ಯವೆಂದರೆ ಕರಗುವುದು. ಹೋಳನ್ನು ಮಾತ್ರ ನೋಡಿದವರಿಗೆ ಐಕ್ಯವೆಂದರೆ ಒಡನಿರುವುದು. ಕೆನೆಯನ್ನು ಮಾತ್ರ ನೋಡಿದವರಿಗೆ ಐಕ್ಯವೆಂಬುದು ಕಲಕುತ್ತಿರುವಷ್ಟು ಹೊತ್ತಿನ ತೋರಿಕೆ. ಮೂರೂ ನಿಜ, ಮೂರೂ ಅಲ್ಲಿಯೇ ಇವೆ. ಆದ್ದರಿಂದ ಒಂದೇ ಅನೇಕವೇ ಎಂದು ಕೇಳುವ ಮೊದಲು ಯಾವ ವಿಷಯದಲ್ಲಿ ಒಂದು ಎಂದು ಕೇಳಬೇಕು. ದ್ರವ್ಯದಲ್ಲಿ ರಸಾಯನ ಅನೇಕ, ಆಸ್ವಾದದಲ್ಲಿ ಒಂದು. ಆ ಒಂದಾಗುವಿಕೆಗೆ ಹಣ್ಣು ಅಳಿಯಬೇಕಾಗಿಲ್ಲ. ಹಣ್ಣನ್ನು ಪೂರ್ತಿ ಕಿವುಚಿ ಗೊಜ್ಜು ಮಾಡಿಬಿಟ್ಟರೆ ಸಿಹಿ ಉಳಿದರೂ ರಸಾಯನದ ಸವಿ ಉಳಿಯದೆಂಬುದನ್ನು ಮಾಡುವವರೆಲ್ಲ ಬಲ್ಲರು. ಭಕ್ತಿಯ ಅನುಭವದಲ್ಲಿ ತಾನೂ ಇರಬೇಕು, ದೇವರೂ ಇರಬೇಕು, ಸವಿಯೂ ಇರಬೇಕು ಎಂದು ಹಂಬಲಿಸಿದ ದಾಸರ ಪರಂಪರೆ ಹಿಡಿದದ್ದು ಈ ಬಗೆಯ ಐಕ್ಯವನ್ನು.

ನೈವೇದ್ಯದ ನಿಯಮವೂ ಇದಕ್ಕೆ ಸೇರುತ್ತದೆ. ದೇವರಿಗೆ ಅರ್ಪಿಸುವ ಮೊದಲು ಅಡುಗೆಯವರು ರಸಾಯನದ ರುಚಿ ನೋಡುವಂತಿಲ್ಲ. ಬೆಲ್ಲ ಸಾಕೋ ಬೇಕೋ ಎಂಬುದನ್ನು ಹಾಲಿನ ಬಣ್ಣ ನೋಡಿ, ಕೈಯ ಅಳತೆಯಿಂದ ತಿಳಿಯಬೇಕು. ಇದನ್ನು ಶುಚಿತ್ವದ ಕಟ್ಟಳೆಯೆಂದು ಮಾತ್ರ ತಿಳಿಯುವುದು ವಾಡಿಕೆ. ಸವಿಯುವುದೇ ರಸದ ಇರವು ಎಂಬ ಅಭಿನವಗುಪ್ತನ ವಿಚಾರವನ್ನು ಕಾವ್ಯದ ಆಚೆಗೆ ಇಲ್ಲಿಗೂ ಒಯ್ದರೆ, ಅರ್ಪಣೆಗೆ ಮೊದಲು ಆ ಪಾತ್ರೆಯಲ್ಲಿರುವುದು ಹಣ್ಣು, ಹಾಲು, ಬೆಲ್ಲಗಳೇ ಹೊರತು ರಸಾಯನದ ರಸವಲ್ಲ; ಅವು ಮೊದಲು ಒಂದಾಗುವುದು ದೇವರ ಆಸ್ವಾದದಲ್ಲಿ, ಮನುಷ್ಯರಿಗೆ ದೊರೆಯುವುದು ಆಗಲೇ ಒಂದಾದ ಪ್ರಸಾದ. ರುಚಿ ನೋಡದೆ ಮಾಡುವ ನಿಯಮವನ್ನು ಇಂದಿಗೂ ಪಾಲಿಸುತ್ತಿರುವ ಮನೆಗಳು ಅದನ್ನು ಕಾರಣ ತಿಳಿದೇ ಮುಂದುವರಿಸಬೇಕು, ಮಕ್ಕಳಿಗೂ ಆ ಕಾರಣವನ್ನು ಹೇಳಿಕೊಡಬೇಕು.